ನೆಕ್ಲೆಸ್ ರೋಡಿನ ಗದ್ದಲದಲ್ಲೂ ಮಾತು ಉಳಿಸಿಕೊಂಡ ಬಗೆ

ಹೈದರಾಬಾದಿನಲ್ಲಿ ಗೆಳೆಯರ ಸಣ್ಣ ಬಜೆಟ್ಟಿನ ತೆಲುಗು ಪ್ರೇಮಚಿತ್ರ. ಸೌಂಡ್ ನನ್ನ ಕೆಲಸ. ಲಿವ್‌-ಇನ್ ಜೋಡಿ ಬೇರೆಯಾಗುವ ದೃಶ್ಯ ಹುಸೇನ್ ಸಾಗರದ ಪಕ್ಕ, ನೆಕ್ಲೆಸ್ ರೋಡಿನಲ್ಲಿ. ಹಾರ್ನ್ ಸದ್ದಿಗೆ ಮಾತೇ ಕೇಳುತ್ತಿರಲಿಲ್ಲ. ಡಬ್ಬಿಂಗ್ ಸ್ಟುಡಿಯೋಗೆ ದುಡ್ಡಿಲ್ಲ. ಆ ನಡುಗುವ ದನಿ ವಾರಗಳಾದ ಮೇಲೆ ಮತ್ತೆ ಬರೋದೂ ಕಷ್ಟ ಅಲ್ವಾ?

ಟೇಕ್ ಓಕೆ ಆದ ಕೂಡಲೇ ಇಬ್ಬರನ್ನೂ ಕಾರಿನಲ್ಲಿ ಕೂರಿಸಿದೆ. ಎಂಜಿನ್, ಎಸಿ ಆಫ್. ಗಾಜು ಪೂರ್ತಿ ಏರಿಸಿ, ಒಳಗಿಂದ ದಪ್ಪ ಕಂಬಳಿ ಕಟ್ಟಿದೆ. ಪ್ರತಿಧ್ವನಿ ತುಂಬಾ ಕಮ್ಮಿಯಾಯಿತು. ಕಾಲರ್ ಮೈಕನ್ನು ಶಾಟ್‌ನಲ್ಲಿದ್ದ ಜಾಗದಲ್ಲೇ ಬಿಟ್ಟೆ. ಶಾಟಿನ ಧ್ವನಿಯನ್ನು ಇಯರ್‌ಫೋನಿನಲ್ಲಿ ಕೇಳಿಸುತ್ತಾ, ಅದೇ ಲಯದಲ್ಲಿ ಸಾಲು ಹೇಳಿಸಿದೆ. 'ವೆಳ್ಳಿಪೋತಾನು' (ಹೊರಟುಹೋಗ್ತೀನಿ) ಅನ್ನುವಾಗ 'ಪೋ'ಗೆ ತುಟಿ ಮುಚ್ಚುತ್ತದೆ. ಎಡಿಟಿಂಗ್‌ನಲ್ಲಿ ಅದನ್ನೇ ಹಿಡಿದು ಕಾರಿನಲ್ಲಿ ಹೇಳಿಸಿದ ಮಾತನ್ನು ತುಟಿಗೆ ಸಿಂಕ್ ಮಾಡಿದೆ, ಅಂದರೆ ಹೊಂದಿಸಿದೆ. ಬೇರೆಯಾಗಿ ರೆಕಾರ್ಡ್ ಮಾಡಿದ್ದ ರಸ್ತೆಯ ಸದ್ದನ್ನು ಕೆಳಗೆ ಸಣ್ಣಗೆ ಸೇರಿಸಿದೆ. ಎಲ್ಲ ರೆಕಾರ್ಡಿಂಗ್‌ಗೂ ಒಂದೇ ಸೆಟ್ಟಿಂಗ್: 48 ಕಿಲೋಹರ್ಟ್ಸ್, 24 ಬಿಟ್.