ಅಮ್ಮನಿಗೆ 80 ತುಂಬಿದರೂ ಪೆನ್ಶನ್ ಏರದಿದ್ದಾಗ

ನಾವು ಕಾಸರಗೋಡಿನ ಬದಿಯಡ್ಕ ಕಡೆಯವರು. ಅಪ್ಪ ಕೇಂದ್ರ ಸರ್ಕಾರಿ ನೌಕರ. ಅವರು ಹೋದ ಮೇಲೆ ಅಮ್ಮನಿಗೆ ಬ್ಯಾಂಕಿನ ಮೂಲಕ ಕುಟುಂಬ ಪೆನ್ಶನ್. 80 ತುಂಬಿದ ತಿಂಗಳ ಮೊದಲ ದಿನದಿಂದಲೇ ಮೂಲ ಪೆನ್ಶನ್ನಿನ ಶೇ. 20 ಜಾಸ್ತಿ ಸಿಗಬೇಕು. 85ಕ್ಕೆ 30, 90ಕ್ಕೆ 40. ಅಮ್ಮನ ಮೂಲ 12,000, ಅಂದರೆ 2,400 ರೂಪಾಯಿ. ಅದರ ಮೇಲೆ ಡಿಆರ್ (ಪೆನ್ಶನ್‌ದಾರರ ತುಟ್ಟಿಭತ್ಯೆ) ಬೇರೆ. 14 ತಿಂಗಳು ಏನೂ ಬರಲಿಲ್ಲ.

ಬ್ಯಾಂಕಿಗೆ ನಾಲ್ಕು ಸಲ ಅಲೆದೆ. ಜೀವನ ಪ್ರಮಾಣಪತ್ರ ಇನ್ನೊಮ್ಮೆ ಕೊಟ್ಟೆ. ಅದಕ್ಕೂ ಇದಕ್ಕೂ ಸಂಬಂಧವೇ ಇಲ್ಲ, ಸುಮ್ನೆ. ಆಧಾರ್ ಕೊಟ್ಟೆ. ಅದರಲ್ಲಿ ಬರೀ ಹುಟ್ಟಿದ ವರ್ಷ, ವಾಪಸ್ ಬಂತು.

ತೊಡಕು ಇದ್ದದ್ದು ಪಿಪಿಒದಲ್ಲಿ, ಅಂದರೆ ಪೆನ್ಶನ್ ಪಾವತಿ ಆದೇಶದಲ್ಲಿ. ಅಪ್ಪನ ಜನ್ಮದಿನಾಂಕ ಇದೆ, ಅಮ್ಮನ ಹೆಸರಿನೆದುರು ಖಾಲಿ ಗೆರೆ. ಅದನ್ನು ಬ್ಯಾಂಕಿನವರು ತಾವಾಗಿ ತುಂಬುವಂತಿಲ್ಲ.

ಮೊದಲು ಅಮ್ಮ ಕಲಿತ ಕನ್ನಡ ಶಾಲೆಗೆ ಹೋದೆ. ಗೆದ್ದಲು ಹಿಡಿದ ದಾಖಲಾತಿ ರಿಜಿಸ್ಟರಿನಲ್ಲಿ ಪೂರ್ತಿ ತಾರೀಕು ಸಿಕ್ಕಿತು. ಅದರ ಪ್ರಮಾಣಪತ್ರ ತೋರಿಸಿ ಆಧಾರ್ ತಿದ್ದಿಸಿದೆ, ಆಮೇಲೆ ಪಾನ್ ಮಾಡಿಸಿದೆ. ಹೆಸರಿನ ಇಂಗ್ಲಿಷ್ ಸ್ಪೆಲ್ಲಿಂಗ್ ಪಿಪಿಒದಲ್ಲಿದ್ದಂತೆಯೇ ಇರಬೇಕು. ನಮ್ಮ ಕಡೆ 'ಟಿ' ಆದ ಮೇಲೆ ಒಂದು 'ಎಚ್' ನುಸುಳುತ್ತದೆ ಅಲ್ವಾ, ಅದನ್ನು ನೋಡಿಕೊಳ್ಳಿ.

ಅರ್ಜಿ ಹಾಕಿದ್ದು ಬ್ಯಾಂಕಿಗಲ್ಲ, ಅಪ್ಪ ಕೊನೆಗೆ ಕೆಲಸ ಮಾಡಿದ ಕಚೇರಿಯ ಮುಖ್ಯಸ್ಥರಿಗೆ. ಜೊತೆಗೆ ಪಿಪಿಒ ನಕಲು, ಪಾನ್, ಆಧಾರ್, ರಿಜಿಸ್ಟರ್ಡ್ ಅಂಚೆಯಲ್ಲಿ. ಅಲ್ಲಿಂದ ಲೆಕ್ಕಪತ್ರ ಕಚೇರಿ, ಕೇಂದ್ರ ಪೆನ್ಶನ್ ಲೆಕ್ಕಪತ್ರ ಕಚೇರಿ ದಾಟಿ ತಿದ್ದುಪಡಿ ಆದೇಶ ಬ್ಯಾಂಕಿನ ಸಿಪಿಪಿಸಿಗೆ (ಪೆನ್ಶನ್ ಲೆಕ್ಕ ಹಾಕುವ ಕೇಂದ್ರಕ್ಕೆ) ಬಂತು. ಮುಂದಿನ ತಿಂಗಳೇ ಬಾಕಿ ಸಮೇತ ಜಮೆಯಾಯಿತು. ಬಾಕಿಯ ತಿಂಗಳುವಾರು ಲೆಕ್ಕವನ್ನು ಬರಹದಲ್ಲೇ ಕೇಳಿ ಪಡೆಯಿರಿ. ನಮ್ಮದರಲ್ಲಿ ಒಂದು ತಿಂಗಳು ಬಿಟ್ಟುಹೋಗಿತ್ತು.