ಖಾಕಿಯ ಹಿಂದೆ ಕ್ಯಾಮೆರಾ: ಜೊಯಿಡಾದಲ್ಲಿ ನಾನು ಸಾಕ್ಷ್ಯಚಿತ್ರ ಮಾಡಿದ ಬಗೆ

ಉತ್ತರ ಕನ್ನಡದ ಜೊಯಿಡಾ ತಾಲ್ಲೂಕಿನ ಬೀಟ್ ಪೊಲೀಸರ, ಅಂದರೆ ತಮಗೆ ವಹಿಸಿದ ಊರುಗಳನ್ನು ಸುತ್ತಿ ನೋಡಿಕೊಳ್ಳುವ ಪೊಲೀಸರ ಕುರಿತು ಸಾಕ್ಷ್ಯಚಿತ್ರ ಮಾಡಲು ಹೊರಟಾಗ ಮೇಲಧಿಕಾರಿಗಳ ಲಿಖಿತ ಅನುಮತಿಯನ್ನು ಮೊದಲೇ ಪಡೆದಿದ್ದೆ. ಆದರೆ ಆ ಕಾಗದ ಠಾಣೆಯೊಳಗೆ ನಡೆಯುತ್ತದೆಯೇ ಹೊರತು ಊರೊಳಗೆ ನಡೆಯುವುದಿಲ್ಲ. ಕಾಳಿ ಹುಲಿ ಸಂರಕ್ಷಿತ ಪ್ರದೇಶದ ಆಸುಪಾಸಿನಲ್ಲಿ ಚದುರಿಕೊಂಡಿರುವ ಕುಣಬಿ ಸಮುದಾಯದವರ ಮಜರೆಗಳಿಗೆ ಅರಣ್ಯ ಇಲಾಖೆಯವರು ಬರುವುದೂ ಖಾಕಿಯಲ್ಲೇ, ಪೊಲೀಸರು ಬರುವುದೂ ಖಾಕಿಯಲ್ಲೇ. ಅದರ ಬೆನ್ನಿಗೆ ಕ್ಯಾಮೆರಾವೂ ಕಾಣಿಸಿಕೊಂಡರೆ ಯಾರೂ ಬಾಯಿ ಬಿಡುವುದಿಲ್ಲ. ಆದ್ದರಿಂದ ನಾನು ಪೊಲೀಸ್ ಜೀಪು ಹತ್ತಲಿಲ್ಲ. ಮೊದಲು ಬರಿಗೈಯಲ್ಲಿ, ಬಸ್ಸಿಳಿದು ನಡೆದು ಹೋಗಿ, ಕೊಂಕಣಿ ಬಲ್ಲ ಸ್ಥಳೀಯ ಶಿಕ್ಷಕರೊಬ್ಬರ ನೆರವಿನಿಂದ, ಚಿತ್ರದಲ್ಲಿ ಏನಿರುತ್ತದೆ, ಅದನ್ನು ಯಾರು ನೋಡುತ್ತಾರೆ, ಮನಸ್ಸು ಬದಲಾದರೆ ಹೇಗೆ ಹಿಂದೆ ಸರಿಯಬಹುದು ಎಂಬುದನ್ನು ಮನೆಮನೆಯಲ್ಲಿ ವಿವರಿಸಿದೆ. ಪೊಲೀಸರ ಎದುರಿನಲ್ಲಿ ಕೊಟ್ಟ ಒಪ್ಪಿಗೆ ಒಪ್ಪಿಗೆಯೇ ಅಲ್ಲವೆಂದು ನಾನು ನಂಬುತ್ತೇನೆ.

ಇಲ್ಲಿನ ಬೀಟ್ ಎಂದರೆ ರಸ್ತೆ ಮುಗಿಯುವವರೆಗೆ ಬೈಕು, ಅಲ್ಲಿಂದ ಮುಂದೆ ಕಾಲ್ನಡಿಗೆ. ಸಮನ್ಸ್ ಜಾರಿ ಮಾಡುವುದು, ಗದ್ದೆಯ ಬದುವಿನ ಜಗಳದಲ್ಲಿ ಎರಡೂ ಕಡೆಯವರನ್ನು ಕೂರಿಸಿ ಮಾತಾಡಿಸುವುದು, ಚುನಾವಣೆ ಬಂದಾಗ ಬೆಳೆ ರಕ್ಷಣೆಯ ಬಂದೂಕುಗಳನ್ನು ಠಾಣೆಗೆ ಜಮಾ ಮಾಡಿಸುವುದು, ಇವೇ ಹೆಚ್ಚು. ನೆಟ್‌ವರ್ಕ್ ಸಿಗದ ಮಜರೆಯಿಂದ 112ಕ್ಕೆ ಕರೆ ಮಾಡಲಾಗದು. ಅಲ್ಲಿ ಬೀಟ್ ಸಿಬ್ಬಂದಿಯ ಮುಖಪರಿಚಯವೇ ಸಹಾಯವಾಣಿ.

ಇಡೀ ಚಿತ್ರದಲ್ಲಿ ನನಗೆ ಅತ್ಯಂತ ಮುಖ್ಯವೆನಿಸಿದ್ದು ಠಾಣೆಯ ಮೇಜಿನ ಬಳಿ ನಡೆದ ಒಂದು ದೃಶ್ಯ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 173ನೇ ಕಲಮಿನಂತೆ, ಬಾಯಿಮಾತಿನ ದೂರನ್ನು ಬರೆದುಕೊಂಡು, ದೂರುದಾರರಿಗೆ ಓದಿ ಹೇಳಿ, ಸಹಿ ಪಡೆದು, ಪ್ರತಿಯನ್ನು ಉಚಿತವಾಗಿ ಕೊಡಬೇಕು. ಹಳೆಯ ಕಾನೂನಿನಲ್ಲೂ ಈ ನಿಯಮವಿತ್ತು. ವೃದ್ಧೆಯೊಬ್ಬರು ಹೇಳಿದ್ದನ್ನು ಹೆಡ್ ಕಾನ್‌ಸ್ಟೇಬಲ್ ಬರೆದು, ಒಂದೊಂದೇ ಸಾಲಿಗೆ ಬೆರಳಿಟ್ಟು ಓದಿ ಹೇಳಿದರು. ನಡುವೆ ಆಕೆ ತಲೆಯಾಡಿಸಿ, ಬೇಲಿ ಕಿತ್ತದ್ದು ಅಣ್ಣನಲ್ಲ, ತಮ್ಮ ಎಂದರು. ಅವರು ಆ ಸಾಲನ್ನು ಹೊಡೆದು ತಿದ್ದಿ, ಮತ್ತೆ ಓದಿದ ಮೇಲೆಯೇ ಶಾಯಿಯ ಪ್ಯಾಡನ್ನು ಆಕೆಯತ್ತ ಸರಿಸಿದರು. ಆ ಓದನ್ನು ನಾನು ಎಲ್ಲೂ ಕತ್ತರಿಸದೆ ಇಟ್ಟುಕೊಂಡಿದ್ದೇನೆ, ಏಕೆಂದರೆ ಹಳ್ಳಿಯವರ ಪಾಲಿಗೆ ಕಾನೂನು ನಿಜವಾಗುವುದು ಅಥವಾ ಸುಳ್ಳಾಗುವುದು ಆ ಕೆಲವೇ ನಿಮಿಷಗಳಲ್ಲಿ. ಮುಖಗಳ ಬದಲು ಕೈಗಳನ್ನಷ್ಟೇ ಚಿತ್ರಿಸಿದ್ದರಿಂದ ಆಕೆ ಯಾರೆಂದು ಗುರುತಾಗುವುದಿಲ್ಲ. ಸಂಕಲನದಲ್ಲಿ ಧ್ವನಿಯನ್ನೂ ಬದಲಾಯಿಸಿದೆ.

ಲೈಂಗಿಕ ದೌರ್ಜನ್ಯದ ಮತ್ತು ಮಕ್ಕಳ ಪ್ರಕರಣಗಳು ಬಂದಾಗ ಕ್ಯಾಮೆರಾ ಚೀಲ ಸೇರುತ್ತಿತ್ತು. ಗುರುತು ಬಹಿರಂಗಪಡಿಸುವುದು ಅಪರಾಧ ಎಂಬುದಕ್ಕಿಂತಲೂ, ಕೆಲವೇ ಮನೆಗಳಿರುವ ಊರಿನಲ್ಲಿ ಮುಖ ಮಸುಕು ಮಾಡಿದರೂ ಅಂಗಳ ನೋಡಿಯೇ ಮನೆ ಯಾವುದೆಂದು ಹೇಳುತ್ತಾರೆ ಎಂಬುದು ನನಗೆ ದೊಡ್ಡ ಕಾರಣವಾಗಿತ್ತು. ಕರಡು ಸಿದ್ಧವಾದಾಗ ಮೊದಲು ತೋರಿಸಿದ್ದು ಚಿತ್ರದಲ್ಲಿರುವ ಊರಿನವರಿಗೆ, ಪೊಲೀಸರಿಗೆ ಆಮೇಲೆ. ಒಂದು ಕುಟುಂಬ ಬೇಡವೆಂದ ಭಾಗವನ್ನು ಕಾರಣ ಕೇಳದೆ ತೆಗೆದೆ.