ಬಾಡಿಗೆದಾರ ಬಿಟ್ಟುಹೋದ ಕರೆಂಟ್ ಬಿಲ್: ಆತ ಕೋರ್ಟಿಗೇ ಬಾರದಿದ್ದರೆ ವಸೂಲಿ ಹೇಗೆ?

ಮಳಿಗೆಯಲ್ಲಿ ಹೋಟೆಲ್ ನಡೆಸುತ್ತಿದ್ದವರು ಬೀಗದ ಕೈ ಕೊಟ್ಟು ಹೋದರು. ಅಡ್ವಾನ್ಸ್ ಹಣ ಬಾಡಿಗೆ ಬಾಕಿಗೇ ಸರಿಹೋಯಿತು. ಆಮೇಲೆ ನೋಡಿದರೆ ಕರೆಂಟ್, ನೀರಿನ ಬಿಲ್ ಹಾಗೇ ಉಳಿದಿದೆ. ಮೀಟರ್ ಇರುವುದು ನಿಮ್ಮ ಹೆಸರಿನಲ್ಲಿ. ಏನು ಮಾಡುತ್ತೀರಿ?

ಮೊದಲು ನೀವೇ ಕಟ್ಟಿಬಿಡಿ. ಹೊಟ್ಟೆ ಉರಿಯುತ್ತದೆ, ನಿಜ. ಆದರೆ ಬೇರೆಯವರು ಕಟ್ಟಬೇಕಾದ ಹಣವನ್ನು ನಿಮ್ಮ ಹಿತ ಕಾಯಲು ನೀವು ಕಟ್ಟಿದರೆ, ಅದನ್ನು ವಾಪಸ್ ಕೇಳುವ ಹಕ್ಕು 1872ರ ಕರಾರು ಕಾಯ್ದೆಯ 69ನೇ ಕಲಂನಲ್ಲಿದೆ. ಹೀಗೆ ಕಟ್ಟಿದ ದಿನದಿಂದ 3 ವರ್ಷದೊಳಗೆ ದಾವೆ ಹೂಡಬೇಕು. ರಸೀದಿ ಜೋಪಾನ.

ನಂತರ ವಕೀಲರಿಂದ ನೋಟಿಸ್ ಕಳಿಸಿ. ಎಷ್ಟೋ ಬಾಕಿ ಇಲ್ಲೇ ಬಂದುಬಿಡುತ್ತದೆ. ಮೊತ್ತ ಎರಡು ಮೂರು ಸಾವಿರವಾದರೆ ಇಲ್ಲಿಗೇ ಬಿಡುವುದು ಒಳ್ಳೆಯದು, ಇಲ್ಲವೇ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ ಲೋಕ ಅದಾಲತ್ ಕೇಳಿ. ಅಲ್ಲಿ ಕೋರ್ಟ್ ಫೀಸ್ ಇಲ್ಲ. ಮಳಿಗೆ ಬಾಬ್ತಿನ ಬಾಕಿ 3 ಲಕ್ಷ ಮುಟ್ಟಿದರೆ ಮಾತ್ರ ದಾರಿ ಬೇರೆ: ಮೊದಲು ಮಧ್ಯಸ್ಥಿಕೆ, ಆಮೇಲೆ ವಾಣಿಜ್ಯ ನ್ಯಾಯಾಲಯ.

ದಾವೆಯನ್ನು ಮಳಿಗೆ ಇರುವ ಊರಿನ ಸಿವಿಲ್ ಕೋರ್ಟಿನಲ್ಲೇ ಹಾಕಬಹುದು. ಕೇಸಿನ ಜೀವ ಇರುವುದು ಕೋರ್ಟಿನ ಕರೆಪತ್ರವಾದ ಸಮನ್ಸ್‌ನಲ್ಲಿ. ಸುಮ್ನೆ ಹಳೇ ವಿಳಾಸ ಬರೆದರೆ ಸಮನ್ಸ್ ಖಾಲಿ ಮಳಿಗೆಯ ಬಾಗಿಲಿಗೆ ಹೋಗುತ್ತದೆ! ಆತ ಈಗ ಇರುವ ಮನೆಯ ವಿಳಾಸ ಹುಡುಕಿ ಕೊಡಿ. ತೆಗೆದುಕೊಳ್ಳಲು ಒಪ್ಪದಿದ್ದರೆ ಕೋರ್ಟಿನ ಆದೇಶ ಜಾರಿಕಾರರು ಬಾಗಿಲಿಗೆ ಅಂಟಿಸಿ ವರದಿ ಕೊಡುತ್ತಾರೆ. ತಪ್ಪಿಸಿಕೊಂಡು ತಿರುಗುತ್ತಿದ್ದರೆ ಕೋರ್ಟ್ ಅನುಮತಿ ಪಡೆದು ಪತ್ರಿಕೆಯಲ್ಲಿ ಪ್ರಕಟಿಸಬಹುದು.

ಉತ್ತರ ಸಲ್ಲಿಸಲು ಆತನಿಗೆ 30 ದಿನ ಇರುತ್ತದೆ. ಕಾರಣ ಕೊಟ್ಟರೆ 90 ದಿನದವರೆಗೂ ಸಿಗಬಹುದು. ಸಮನ್ಸ್ ಮುಟ್ಟಿಯೂ ಕರೆದ ದಿನ ಆತ ಬರಲಿಲ್ಲವೆಂದರೆ ಕೋರ್ಟ್ 'ಎಕ್ಸ್‌ಪಾರ್ಟಿ' (ಆತನ ಗೈರುಹಾಜರಿಯಲ್ಲೇ ವಿಚಾರಣೆ) ಎಂದು ದಾಖಲಿಸುತ್ತದೆ. ಅಲ್ಲಿಗೆ ಗೆದ್ದಂತೆ ಅಂದುಕೊಳ್ಳುತ್ತಾರೆ ಜಾಸ್ತಿ ಜನ. ಇಲ್ಲ. ಎದುರು ಯಾರೂ ಇಲ್ಲದಿದ್ದರೂ ಲೆಕ್ಕವನ್ನು ನೀವು ಸಾಬೀತು ಮಾಡಲೇಬೇಕು. ಸಾಕ್ಷ್ಯವನ್ನು ಅಫಿಡವಿಟ್‌ನಲ್ಲಿ ಕೊಟ್ಟು, ಬಾಡಿಗೆ ಕರಾರು, ಆರ್‌ಆರ್ ನಂಬರ್ ಇರುವ ಬಿಲ್, ರಸೀದಿಗಳ ಅಸಲು ಪ್ರತಿ ತೋರಿಸಿ. ಬಿಲ್ಲಿನ ತಿಂಗಳು ಆತ ಅಲ್ಲಿದ್ದ ತಿಂಗಳಿಗೆ ಹೊಂದಬೇಕು. ವಾಟ್ಸ್‌ಆ್ಯಪ್‌ನಲ್ಲಿ 'ಮುಂದಿನ ವಾರ ಕೊಡ್ತೀನಿ ಸಾರ್' ಎಂದಿದ್ದರೆ ಬಂಗಾರ! ಅದರ ಪ್ರಿಂಟ್ ಜೊತೆ 2023ರ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಂನ ಪ್ರಮಾಣಪತ್ರ (ಎಲೆಕ್ಟ್ರಾನಿಕ್ ದಾಖಲೆಗೆ ಕೊಡುವಂಥದ್ದು) ಇರಲಿ.

ಡಿಕ್ರಿ, ಅಂದರೆ ಕೋರ್ಟಿನ ಅಂತಿಮ ತೀರ್ಪಿನ ಆದೇಶ, ಬಂದ ಮೇಲೂ ಆತ 30 ದಿನದೊಳಗೆ ಬಂದು ರದ್ದು ಮಾಡಿ ಎಂದು ಕೇಳಬಹುದು. ಸಮನ್ಸ್ ಸರಿಯಾಗಿ ಮುಟ್ಟಿರದಿದ್ದರೆ, ಡಿಕ್ರಿಯ ವಿಷಯ ತಿಳಿದ ದಿನದಿಂದ ಆ 30 ದಿನದ ಲೆಕ್ಕ. ವಿಳಾಸದ ಬಗ್ಗೆ ಅಷ್ಟು ಹೇಳಿದ್ದು ಅದಕ್ಕೇ.

ಆಗಲೂ ಹಣ ಕೊಡದಿದ್ದರೆ ಅದೇ ಕೋರ್ಟಿನಲ್ಲಿ ಅಮಲ್ಜಾರಿ ಅರ್ಜಿ (ಡಿಕ್ರಿ ಜಾರಿ ಮಾಡಿಸಿಕೊಡಿ ಎಂಬ ಅರ್ಜಿ) ಹಾಕಿ. ಇದಕ್ಕೆ 12 ವರ್ಷ ಅವಕಾಶವಿದೆ. ಬ್ಯಾಂಕ್ ಖಾತೆ ಜಪ್ತಿ ಮಾಡಿಸುವುದು ಸಲೀಸು. ಖಾತೆ ಯಾವುದು ಎಂದು ತಲೆ ಕೆಡಿಸಿಕೊಳ್ಳಬೇಡಿ; ಆತ ನಿಮಗೆ ಬಾಡಿಗೆ ಕಳಿಸುತ್ತಿದ್ದ ಹಳೇ ಎಂಟ್ರಿಗಳನ್ನು ನಿಮ್ಮ ಪಾಸ್‌ಬುಕ್‌ನಲ್ಲಿ ಹುಡುಕಿ.